ಮಹಾರಾಜರ ನಾಲ್ಕನೇ ಉತ್ತರ

ಸೋಫಾದವರ ಮಹಡಿ ಮೇಲೆ ಒಬ್ಬ ಮಹಾರಾಜ ಇದ್ದಾನೆ, ಅವನ ಸಿಂಹಾಸನಕ್ಕೆ ಕಾಲು ಮೂರೇ ಎಂದು ಬೀದಿಯವರು ಆಡಿಕೊಳ್ಳುತ್ತಿದ್ದರು. ಎದುರುಮನೆ ಅಜ್ಜಿಯ ನಾಲಿಗೆ ಇನ್ನೂ ಹರಿತ. "ಅವನಾ? ದಿನಾ ಒಂದು ರಾಜ್ಯ ಉಳಿಸ್ತಾನೆ ಕಣಮ್ಮ. ಕುಡಿದ ಲೋಟ ತೊಳೆಯೋಕೆ ಮಾತ್ರ ಅಕ್ಕನೇ ಹತ್ತಿ ಬರಬೇಕು."

ಕುರ್ಚಿಯ ಮಾತು ಸುಳ್ಳಲ್ಲ. ಕೆಳಗೆ ಅವನ ಭಾವನ ಸೋಫಾ ಕಾರ್ಖಾನೆ. ಊರಿನವರ ಮುರುಕು ಕುರ್ಚಿಗಳೆಲ್ಲ ಅಲ್ಲಿ ಹೊಸ ಕಾಲು, ಹೊಸ ಸ್ಪಂಜು, ಹೊಸ ಬಟ್ಟೆ ಕಂಡು ಮನೆಗೆ ಹೋಗುತ್ತಿದ್ದವು. ಮೇಲೆ ನಲವತ್ತಕ್ಕೆ ಕಾಲಿಟ್ಟ ಭಾಮೈದ ಮಾತ್ರ ನಾಲ್ಕನೇ ಕಾಲಿನ ಜಾಗಕ್ಕೆ ಇಟ್ಟಿಗೆ ಕೊಟ್ಟು, ಕಂಪ್ಯೂಟರಿನ ಮುಂದೆ ವರ್ಷಗಟ್ಟಲೆ ಒಂದೇ ಆಟ ಆಡುತ್ತಿದ್ದ. ಮುಗಿದರೆ ಮತ್ತೆ ಮೊದಲಿನಿಂದ.

ಒಮ್ಮೆ ಭಾವ ಕೇಳಿದ, "ಅದರಲ್ಲಿ ಡ್ರಾಗನ್ ಇದೆಯಾ?"

"ಇದೆ."

"ಕತ್ತಿ, ಮಾಟಗಾತಿ?"

"ಅವೂ ಇವೆ."

"ಎಲ್ಲಾ ಆಟದಲ್ಲೂ ಇರೋದೇ ತಾನೆ? ನಿಂದೇನು ದೊಡ್ಡಸ್ತಿಕೆ?"

ಕೇಳಿದ್ದೇ ತಪ್ಪಾಯಿತು. ಮಹಾರಾಜ ಅರ್ಧ ದಿನ ಭಾವನ ಕಿವಿ ತೂತು ಮಾಡಿದ. ಬೇರೆ ಆಟಗಳಲ್ಲಿ ಕೊಲ್ಲುವುದೇ ಕತೆಯಂತೆ. ಇದರಲ್ಲಿ ಮಾತೇ ಕತೆಯಂತೆ. ಕೋಟೆಯ ಬಾಗಿಲನ್ನು ಶತ್ರುವಿಗೆ ತೆರೆದವರು ಯಾರು ಎಂದು ರಾಣಿ ಕಾವಲುಗಾರನನ್ನು, ಅಂದರೆ ಆಟ ಆಡುವವನನ್ನು, ಕೇಳುತ್ತಾಳೆ. ಪರದೆ ಮೇಲೆ ಮೂರು ಉತ್ತರ ಮೂಡುತ್ತವೆ. ಯಾವುದನ್ನು ಒತ್ತಿದರೂ ಯಾರದೋ ತಲೆ ಉರುಳುತ್ತದೆ. ಏನೂ ಒತ್ತದೆ ಸುಮ್ಮನಿದ್ದರೆ ರಾಣಿ ಚಡಪಡಿಸಿ, ಕಡೆಗೆ ಅಳುತ್ತಾ, ತೆರೆದವಳು ತಾನೇ ಎಂದು ಒಪ್ಪಿಕೊಳ್ಳುತ್ತಾಳೆ.

"ಮೌನವೇ ನಾಲ್ಕನೇ ಉತ್ತರ! ಇಂಥ ಕತೆ ಇನ್ನೆಲ್ಲಿದೆ ಹೇಳಿ?"

"ಚೆನ್ನಾಗಿದೆಯಪ್ಪ," ಎಂದ ಭಾವ ಆಕಳಿಸುತ್ತಾ.

ನಿಜಕ್ಕೂ ಚೆನ್ನಾಗಿತ್ತು. ಕತೆ ಕಟ್ಟಿದವರು ಯಾರೋ ಬುದ್ಧಿವಂತರು. ಆದರೆ ಆ ಬುದ್ಧಿಯನ್ನೆಲ್ಲ ತಾನೇ ಹೆತ್ತವನಂತೆ ಇವನು ಎದೆಯುಬ್ಬಿಸಿಕೊಂಡು ಓಡಾಡಿದ. ಅಷ್ಟೇ ಆಗಿದ್ದರೆ ಪರವಾಗಿರಲಿಲ್ಲ, ಪ್ರಯೋಗಕ್ಕೂ ಇಳಿದ. ಕನ್ನಡಕದಂಗಡಿಯವರು, "ಸೋಮವಾರದಿಂದ ಬರ್ತೀರಾ?" ಎಂದು ಕೇಳಿದಾಗ ಗಂಭೀರವಾಗಿ ಅವರ ಮುಖವನ್ನೇ ನೋಡಿದ. ಅವರು ಕೆಲಸವನ್ನು ಇನ್ನೊಬ್ಬನಿಗೆ ಕೊಟ್ಟರು. ನೋಡಲು ಹೋದ ಹೆಣ್ಣು, "ನಿಮಗೆ ಒಪ್ಪಿಗೇನಾ?" ಎಂದಾಗಲೂ ಅದೇ ನೋಟ. ಆಕೆ ತಾಯಿಯ ಕಡೆ ತಿರುಗಿ, "ಗೋಡೆ ಜೊತೆ ಮಾತಾಡೋ ಹಾಗಿದ್ರೆ ನಮ್ಮನೇಲೇ ನಾಲ್ಕು ಗೋಡೆ ಇದೆಯಲ್ಲಮ್ಮ," ಎಂದು ಎದ್ದುಹೋದಳು. ಇವನಿಗೆ ನಾಚಿಕೆಯೇ? ಊರಿನವರಿಗೆ ಕತೆಯ ರುಚಿ ಇಲ್ಲ ಎಂದು ಮೂಗು ಮುರಿದ.

ಕಡೆಗೊಂದು ಬೆಳಿಗ್ಗೆ ಅಕ್ಕ ಅವನನ್ನು ಕೆಳಗೆ ಕರೆದಳು. ಒಂದು ಸಿನಿಮಾ ಮಂದಿರದ ಕುರ್ಚಿಗಳಷ್ಟೂ ಹೊದಿಕೆಗೆ ಬಂದಿದ್ದವು. ಅವಳ ತುಟಿಗಳ ನಡುವೆ ಗುಂಡುಸೂಜಿ, ಮಡಿಲ ತುಂಬ ಕೆಂಪು ಬಟ್ಟೆ.

ಸೂಜಿಗಳನ್ನು ತೆಗೆದು ಹೇಳಿದಳು, "ನೋಡೋ, ಕೈ ಸಾಲ್ತಿಲ್ಲ. ನಾಳೆಯಿಂದ ಕೆಲಸಕ್ಕೆ ಇಳಿ, ಮಹಡಿ ನಿಂದೇ. ಇಲ್ಲಾಂದ್ರೆ ಖಾಲಿ ಮಾಡು, ಮಗಳು ಓದೋಕೆ ಜಾಗ ಇಲ್ಲದೆ ಅಡುಗೆಮನೇಲಿ ಕೂರ್ತಾಳೆ. ಏನಂತೀಯ?"

ಅವನ ಕಣ್ಣು ಹೊಳೆಯಿತು. ರಾಣಿ, ಪ್ರಶ್ನೆ, ಪರೀಕ್ಷೆ! ಎದೆ ಸೆಟೆಸಿ ಮೌನಕ್ಕಿಳಿದ. ಈಗ ಚಡಪಡಿಸುತ್ತಾಳೆ, ಈಗ ಕಣ್ಣೀರು, ಈಗ "ಇರಲಿ ಬಿಡೋ ತಮ್ಮಾ" ಎನ್ನುತ್ತಾಳೆ ಎಂದು ಕಾದ.

ಅಕ್ಕನೂ ಕಾದಳು. ಕತ್ತರಿ ಹುಡುಕಿಕೊಂಡಳು. ಒಂದು ಕುರ್ಚಿಯ ಬಟ್ಟೆ ಪೂರ್ತಿ ಕತ್ತರಿಸಿದಳು.

"ಆಯ್ತು," ಎಂದು ಮಗಳನ್ನು ಕೂಗಿದಳು. "ಟೇಪು ತಗೊಂಡು ಮೇಲೆ ಹೋಗೇ, ಮೇಜು ಎಷ್ಟುದ್ದ ಹಿಡಿಸುತ್ತೆ ನೋಡು."

ಸಂಜೆಗೆ ಮಹಾರಾಜ ಕಂಪ್ಯೂಟರನ್ನು ಹಳೇ ಸ್ಪಂಜಿನಲ್ಲಿ ಸುತ್ತಿ ಬಗಲಿಗೇರಿಸಿ ಕೆಳಗೆ ಬಂದ. ಸ್ಪಂಜೂ ಭಾವನದೇ. ಭಾವ ಮೊಳೆ ಹೊಡೆಯುವುದನ್ನು ನಿಲ್ಲಿಸಿ, "ಏನಾದ್ರೂ ಹೇಳೋದಿದೆಯೇನೋ? ಈಗಲೂ ಹೇಳು," ಎಂದ. ಹೊಲಿಗೆ ಯಂತ್ರದ ಚಕ್ರದ ಮೇಲೆ ಅಕ್ಕನ ಕೈಯೂ ನಿಂತಿತು.

"ಕೆಲಸ ಮಾಡ್ತೀನಿ" ಎಂಬ ಮಾತು ಅವನ ಗಂಟಲವರೆಗೂ ಬಂದಿತ್ತು. ಆದರೆ ಆಟದಲ್ಲೂ ಅಷ್ಟೇ, ಸೋಲಿನ ಅಂಚಿನಲ್ಲೇ ರಾಣಿ ಬಾಯಿ ಬಿಡುವುದು. ಮಾತು ನುಂಗಿದ. ಗಲ್ಲ ಎತ್ತಿ ನಿಂತ.

ಭಾವನ ಸುತ್ತಿಗೆ ಮತ್ತೆ ಶುರುವಾಯಿತು. ಹೊಲಿಗೆ ಯಂತ್ರವೂ ಗಡಗಡ ಎಂದಿತು. ಇನ್ನು ಇವನು ಕಿರುಚಿದರೂ ಆ ಸದ್ದಿನಲ್ಲಿ ಯಾರಿಗೂ ಕೇಳುವಂತಿರಲಿಲ್ಲ. ಸ್ಪಂಜಿನ ಗಂಟು ಬಾಗಿಲ ಚೌಕಟ್ಟಿಗೆ ಸಿಕ್ಕಿಕೊಂಡಿತು. ಮಹಾರಾಜರು ಅಡ್ಡಡ್ಡ ತಿರುಗಿ, ಬೆನ್ನು ಮೊದಲು ಮಾಡಿ ಬೀದಿಗಿಳಿದರು.