ಶಾಂಪೂ ಹಾಕಿದ ಬಿಳಿ ಆಡುಗಳು

ಗೆಳೆಯರೇ, ಇವತ್ತು ಯಶವಂತನಗರದಲ್ಲಿ ನನ್ನ ಶಾಂಪೂ ಕೈಕೊಟ್ಟಿತು.

ಹಾಲಿಗೆಂದು ತಂದ ಎರಡು ಬಿಳಿ ಆಡುಗಳನ್ನು ಬೆಳಿಗ್ಗೆ ಚೆನ್ನಾಗಿ ತೊಳೆದು ನಮ್ಮ ಹಳೆಯ ಹಿಂಡಿಗೆ ಬಿಟ್ಟೆ. ಮೋಡದ ತುಂಡುಗಳ ಹಾಗೆ ಹೊಳೆಯುತ್ತಿದ್ದವು. ಹಿಂಡಿನ ಹಿರಿಯ ಕರಿ ಆಡು ಒಮ್ಮೆ ಮೂಸಿ ನೋಡಿ, ಎರಡನ್ನೂ ಹಾಯ್ದು ಬೇಲಿಗೆ ಒತ್ತಿತು.

ಅತ್ತೆ ಓಡಿ ಬಂದರು. “ಯವ್ವಾ, ತೊಳದಿಯೇನು? ಹೂವಿನ ವಾಸನಿ ಹೊಡಿಯೋ ಆಡನ್ನ ಯಾವ ಹಿಂಡು ಸೇರಿಸ್ಕೊಂತೈತಿ?” ಎನ್ನುತ್ತಾ ದೊಡ್ಡಿಯ ಹಿಕ್ಕೆ ಮಣ್ಣನ್ನು ಅವುಗಳ ಮೈಗೆಲ್ಲ ತಿಕ್ಕಿದರು.

ಅಷ್ಟರಲ್ಲಿ ಪಕ್ಕದ ರಸ್ತೆಯಲ್ಲಿ ಗಣಿಯ ಅದಿರು ಲಾರಿಗಳು ಸಾಲಾಗಿ ಹಾದುಹೋದವು. ಕೆಂಪು ಧೂಳು ಬಿಸಿಲಲ್ಲಿ ತೇಲುತ್ತಾ ನಿಧಾನವಾಗಿ ಇಳಿಯಿತು. ಬೇಲಿ, ಬೇವಿನ ಮರ, ಆಡು ಎಲ್ಲವೂ ಕನಸಿನಲ್ಲಿ ಕಂಡಂತೆ ಮಸುಕಾದವು. ಧೂಳು ಕರಗಿದಾಗ ಕರಿಯದೂ ಇಲ್ಲ, ಬಿಳಿಯದೂ ಇಲ್ಲ, ಎಲ್ಲವೂ ಒಂದೇ ಕೆಂಪು. ಹೊಸ ಆಡೊಂದು ಆ ಹಿರಿಯ ಆಡಿನ ಬೆನ್ನಿಗೆ ಗದ್ದ ಊರಿ ಮೆಲುಕು ಹಾಕುತ್ತಿತ್ತು.

ನಾನು ಮತ್ತೆ ನೀರಿನ ಕೊಡಕ್ಕೆ ಕೈ ಹಾಕಿದೆ.

“ಬ್ಯಾಡ ಬಿಡು,” ಅಂದರು ಅತ್ತೆ. “ಸೊಸಿಯಾಗಿ ಬಂದ ಹೊಸದಾಗ ನೀನೂ ದಿನಾ ಎರಡು ಸಲ ತಲಿ ತೊಳಕೊಂತಿದ್ದಿ. ಆಗ ನಾನೂ ನಿನ್ನ ಮ್ಯಾಲೆ ಹಿಂಗ ಹಾಯತಿದ್ದೆ. ನೆನಪೈತೇನು?”

ನೆನಪಿದೆ. ಕೊಂಬು ಇರಲಿಲ್ಲ, ಅಷ್ಟೇ ವ್ಯತ್ಯಾಸ.