ಶರಣಮ್ಮ ಹೇಳಿದ ಮನೆ

ದೆವ್ವ, ಪೂರ್ವಜನ್ಮ ಎಂದು ಯಾರಾದರೂ ಮಾತು ತೆಗೆದರೆ ಎದ್ದು ಹೋಗುತ್ತಿದ್ದವಳು ನಾನು. ಸಾಕ್ಷ್ಯಚಿತ್ರ ಮಾಡುವವಳಿಗೆ ರೆಕಾರ್ಡ್ ಆದದ್ದಷ್ಟೇ ನಿಜ ಎಂಬ ಜಂಬವೂ ಇತ್ತು. ಈಗ ಹೇಳುವುದನ್ನು ನೀವು ನಂಬಲೇಬೇಕೆಂಬ ಹಟ ನನಗಿಲ್ಲ.

ಕೆಲವು ವರ್ಷಗಳ ಹಿಂದೆ ಹೈದರಾಬಾದಿನಲ್ಲಿ ಒಂದು ಪ್ರಯೋಗಕ್ಕೆ ಕೈಹಾಕಿದ್ದೆ. ಊರು ಬಿಟ್ಟು ಬಂದವರು ಕ್ಯಾಮೆರಾ ಮುಂದೆ ಕಣ್ಣು ಮುಚ್ಚಿ, ಬಿಟ್ಟುಬಂದ ಮನೆಯೊಳಗೆ ಮನಸ್ಸಿನಲ್ಲೇ ನಡೆಯುತ್ತ ಕಂಡದ್ದನ್ನು ಹೇಳಬೇಕು. ಚಿತ್ರ ಅಷ್ಟೇ. ಧ್ವನಿಗೆ ಬೀದರಿನ ಸಲೀಂ ಇದ್ದ, ಆರು ವರ್ಷದ ಜೊತೆಗಾರ.

ಲಿಂಗಂಪಲ್ಲಿ ಸ್ಟೇಷನ್ನಿನ ಆಚೆ, ಕಟ್ಟಡ ಕೆಲಸದವರ ತಗಡಿನ ಶೆಡ್ಡಿನಲ್ಲಿ, ಒಂದು ಭಾನುವಾರ ಮಧ್ಯಾಹ್ನ ಯಾದಗಿರಿ ಕಡೆಯ ಶರಣಮ್ಮ ಕಣ್ಣು ಮುಚ್ಚಿ ಕುಳಿತಳು.

“ಮೂರು ಮೆಟ್ಟಲ ಅದಾವರಿ. ಕೆಂಪ ನೆಲ. ಅಡಗಿಮನಿ ಕಿಟಕಿಗೆ ಬಿಸ್ಕೀಟ ಡಬ್ಬಿ ತಗಡ ಹೊಡದಾರ…”

ಅದು ಮೈಸೂರಿನಲ್ಲಿ ನಾನು ಹುಟ್ಟಿ ಬೆಳೆದ ಬಾಡಿಗೆ ಮನೆ. ನಾನು ಹೈಸ್ಕೂಲು ಸೇರುವ ಮೊದಲೇ ಅದನ್ನು ಕೆಡವಿದ್ದರು.

“ಒಲಿ ಹಿಂದ ಗ್ವಾಡ್ಯಾಗ ಒಂದ್ ಇಟ್ಟಂಗಿ ಸಡ್ಲ ಐತಿ. ಅದರ ಹಿಂದ ಆ ಮನಿ ಹೆಣ್ಮಗಳು ಕಿವಿ ಓಲಿ ಮುಚ್ಚಿಟ್ಟಾಳ” ಎಂದು ಮುಗಿಸಿದಳು.

ಇಟ್ಟಿಗೆಯ ಸಂಗತಿ ನನಗೂ ಹೊಸದು. ಉಳಿದದ್ದನ್ನು ನಾನು ಯಾವಾಗಲೋ ಸಲೀಂ ಒಬ್ಬನಿಗೇ ಹೇಳಿದ್ದೆ. ಚಿತ್ರ ರಂಗೇರಲಿ ಎಂದು ಅವನೇ ಹೇಳಿಕೊಟ್ಟು, ಇಟ್ಟಿಗೆಯನ್ನೂ ಸೇರಿಸಿರಬೇಕು. ಹೊರಗೆ ಬಂದವಳೇ, “ಅವಳಿಗೆ ನೀನೇ ಹೇಳಿಕೊಟ್ಟೆ ಅಲ್ವಾ?” ಎಂದು ಕೇಳಿಬಿಟ್ಟೆ.

“ನಾ ಏನ್ ಹೇಳಿಕೊಟ್ಟೇನ್ರಿ?” ಎಂದ. ಆ ಮುಗ್ಧತೆ ನಾಟಕವೆನಿಸಿ ಇನ್ನಷ್ಟು ಸಿಟ್ಟು ಬಂತು. ಬಾಯಿಗೆ ಬಂದದ್ದು ಅಂದೆ. ಸಲೀಂ ಸಾಮಾನು ಕೆಳಗಿಟ್ಟು ಸ್ಟೇಷನ್ನಿನ ಕಡೆ ನಡೆದುಬಿಟ್ಟ.

ಸಂಜೆ ಅಮ್ಮನಿಗೆ ಫೋನ್ ಮಾಡಿದೆ. ಇಟ್ಟಿಗೆ ಎಂದೊಡನೆ ದನಿ ತಗ್ಗಿಸಿದಳು. “ಅದು ನಿಮ್ಮಪ್ಪನಿಗೂ ಗೊತ್ತಿರಲಿಲ್ಲ ಕಣೇ. ನಿನಗ್ಯಾರು ಹೇಳಿದ್ರು?” ಚಿಕ್ಕವಳಿದ್ದಾಗ ನಾನೇ ಕದ್ದು ನೋಡಿರಬೇಕು ಎಂದು ಅವಳ ಗುಮಾನಿ. ಇರಬಹುದು. ನನಗೆ ನೆನಪಿಲ್ಲ.

ಮರುದಿನ ಲ್ಯಾಪ್‌ಟಾಪ್ ಹಿಡಿದು ಶರಣಮ್ಮನ ಬಳಿ ಹೋದೆ. ತೆರೆಯ ಮೇಲೆ ತನ್ನನ್ನು ಕಂಡು ಮೊದಲು ನಕ್ಕಳು. ಮೂರು ಮೆಟ್ಟಿಲು, ಕೆಂಪು ನೆಲ, ಇಟ್ಟಿಗೆ ಎಂದು ತನ್ನದೇ ದನಿ ಹೇಳುವುದನ್ನು ಕೇಳುತ್ತ ಕೇಳುತ್ತ ನಗು ನಿಂತಿತು.

“ದನಿ ನಂದ ಐತಿ. ಮನಿ ನಂದಲ್ರಿ. ನಮ್ಮ ನೆಲ ಪರಸಿ ಕಲ್ಲ ಹಾಸಿದ್ದು. ನಾ ನಿನ್ನೆ ಅದನ್ನ ಹೇಳೀನಿ.” ಹಿಂದೆ ಸರಿದು ನನ್ನನ್ನೇ ನೋಡಿದಳು. “ಇದರಾಗ ಏನ್ ಮಾಡೀರಿ ಮೇಡಂ? ಅಳಸ್ರಿ ಅದನ್ನ.”

ಸಲೀಂನನ್ನು ನಾನೂ ಹೀಗೆಯೇ ನೋಡಿದ್ದೆನೇನೋ. ಅವಳ ಎದುರೇ ಅಳಿಸಿದೆ. ಬೇರೆ ಪ್ರತಿ ಇರಲಿಲ್ಲ.

ಕ್ಷಮೆ ಕೇಳಲು ಸಲೀಂನ ಮನೆಗೆ ಹೋಗುವಷ್ಟರಲ್ಲಿ ಎರಡು ತಿಂಗಳಾಗಿತ್ತು. ಚಹಾ ಕೊಟ್ಟ, ಮಾತಾಡಿದ. ನಾನು ಆ ಕೆಂಪು ನೆಲ, ಇಟ್ಟಿಗೆ ಎಂದೆಲ್ಲ ಹೇಳುವಾಗ ಮಾತ್ರ ಲೋಟ ಕೆಳಗಿಟ್ಟ.

“ಯಾವ ಕೆಂಪ ನೆಲ? ಆಕಿ ಅವತ್ತ ಹೇಳಿದ್ದು ಪರಸಿ ಕಲ್ಲಿನ ಮನಿ. ಹೆಡ್‌ಫೋನ್ ನನ್ ಕಿವ್ಯಾಗಿತ್ತು. ನೀವು ನನಗ ಯಾಕ ಬೈದ್ರಿ ಅಂತ ಇವತ್ತಿಗೂ ತಿಳಿದಿಲ್ಲ.”

ಆ ರೆಕಾರ್ಡನ್ನು ನನ್ನೊಡನೆ ಕೇಳಿದ್ದ ಶರಣಮ್ಮನನ್ನು ಸಾಕ್ಷಿಗೆ ಕರೆತರೋಣವೆಂದು ಹೋದರೆ ಕಟ್ಟಡ ಮುಗಿದಿತ್ತು, ಶೆಡ್ಡುಗಳು ಎದ್ದುಹೋಗಿದ್ದವು. ಸಲೀಂ ಆಮೇಲೆ ನನ್ನೊಡನೆ ಕೆಲಸ ಮಾಡಲಿಲ್ಲ. ಅವನು ಸುಳ್ಳು ಹೇಳುವವನಲ್ಲ. ಶರಣಮ್ಮನಿಗೆ ಸುಳ್ಳು ಹೇಳುವ ಕಾರಣವಿರಲಿಲ್ಲ. ಹಾಗಾದರೆ ಆ ಮಧ್ಯಾಹ್ನ ಆ ಶೆಡ್ಡಿನಲ್ಲಿ ಅನುಮಾನಿಸಲು ಉಳಿದವಳು ನಾನೊಬ್ಬಳೇ. ಆದರೆ ನಾನೂ ಸುಳ್ಳು ಹೇಳುತ್ತಿಲ್ಲ.