ನಳದುರ್ಗದ ನೀರಮಹಲಿನಲ್ಲಿ ದ್ರೌಪದಿ

ದುಧನಿಯ ಆಚೆ, ಗಡಿಯ ಅಂಚಿನ ಹಳ್ಳಿಯೊಂದಕ್ಕೆ ದ್ರೌಪದಿ ಸೊಸೆಯಾಗಿ ಬಂದಾಗ ಅವಳಿಗಿನ್ನೂ ಸೆರಗು ಸರಿಯಾಗಿ ನಿಲ್ಲುತ್ತಿರಲಿಲ್ಲ. ಗಂಡ ಭೀಮಶಾ ಕರಿಮಣ್ಣಿನ ಹೊಲದ ಒಡೆಯ. ಎರಡು ಜೋಡಿ ಎತ್ತು, ಹೆಗಲೆತ್ತರ ಬೆಳೆದು ನಿಂತ ತಮ್ಮ ಬಸಣ್ಣ, ಕೀಲಿಕೈ ಗೊಂಚಲನ್ನು ಸೊಂಟದಿಂದ ಇಳಿಸದ ತಾಯಿ ಪಾರ್ವತಿಬಾಯಿ. ಇಷ್ಟು ಸಂಸಾರ. ಊರು ಅಕ್ಕಲಕೋಟೆ ಸಂಸ್ಥಾನದ್ದು. ಹಳ್ಳ ದಾಟಿದರೆ ನಿಜಾಮನ ಸೀಮೆ, ಜನರ ಬಾಯಲ್ಲಿ ಮೊಗಲಾಯಿ. ಹಳ್ಳದ ಆಚೆ ಬೀಗರಿದ್ದರು, ಬೀಜಕ್ಕೆ ಜೋಳ ಕೊಡುಕೊಳ್ಳುವವರಿದ್ದರು. ಅಲ್ಲೊಂದು ಗಡಿ ಇದೆಯೆಂದು ಯಾರೂ ನೆನೆಯುತ್ತಿರಲಿಲ್ಲ.

ನೆನಪು ಮಾಡಿಕೊಟ್ಟದ್ದು ನಲವತ್ತೆಂಟರ ಮಳೆಗಾಲ. ನಿಜಾಮನ ಕಡೆಯ ರಜಾಕಾರರು ಬಂದೂಕು ಹೊತ್ತು ಗಡಿಯ ಹಳ್ಳಿಗಳ ಮೇಲೆ ಬೀಳುತ್ತಿದ್ದಾರೆ, ಕಾಳು, ದನ ಹೊಡೆದುಕೊಂಡು ಹೋಗುತ್ತಿದ್ದಾರೆ ಎಂಬ ಸುದ್ದಿ ದಿನಾ ಬರುತ್ತಿತ್ತು. ಒಂದು ಮಧ್ಯಾಹ್ನ ಅವರು ಇವರ ಊರಿಗೇ ಬಂದರು. ಪಾರ್ವತಿಬಾಯಿ ಅಕ್ಕಲಕೋಟೆಗೆ ಹೋಗಿದ್ದಳು, ಭೀಮಶಾ ಹೊಲದಲ್ಲಿದ್ದ. ಮನೆಯಲ್ಲಿದ್ದ ಬಸಣ್ಣ ಅತ್ತಿಗೆಯನ್ನೂ ಎದೆಹಾಲು ಕುಡಿಯುವ ಕೂಸು ಸಾವಿತ್ರಿಯನ್ನೂ ಹಿತ್ತಲಿನ ಖಾಲಿ ಹಗೇವಿನೊಳಗೆ, ಕಾಳು ತುಂಬಿಡುವ ನೆಲಗುಂಡಿಗೆ, ಇಳಿಸಿ ಬಾಯಿಗೆ ಕಲ್ಲು ಎಳೆದು ಮುಂಬಾಗಿಲಿಗೆ ಓಡಿದ.

ಕತ್ತಲಲ್ಲಿ ದ್ರೌಪದಿಗೆ ಗುಂಡಿನ ಸಪ್ಪಳ ಕೇಳಿಸಿತು. ಆಮೇಲೆ ಬೂಟುಗಳ ಓಡಾಟ. ಕೂಸು ಅಳತೊಡಗಿತು; ಮೊಲೆಗೊಟ್ಟರೂ ಸುಮ್ಮನಾಗಲಿಲ್ಲ. ತಲೆಯ ಮೇಲಿನ ಕಲ್ಲು ಕರಕರನೆ ಸರಿಯಿತು. ಬಂದೂಕು ಹಿಡಿದವನೊಬ್ಬ ಬಗ್ಗಿ ನೋಡಿದ. ಅವನದು ಬೆಕ್ಕಿನ ಕಣ್ಣು, ಹಳದಿಗೂ ಹಸಿರಿಗೂ ನಡುವಿನ ಬಣ್ಣ. ಆ ಕಣ್ಣು ಅವಳನ್ನೂ ಕೂಸನ್ನೂ ಒಂದು ಗಳಿಗೆ ನೋಡಿತು. ಅವನು ತಲೆಯೆತ್ತಿ, ಇಲ್ಲೇನೂ ಇಲ್ಲ, ಖಾಲಿ ಎಂದು ಉರ್ದುವಿನಲ್ಲಿ ಕೂಗಿ ಹೇಳಿದ. ಕಲ್ಲನ್ನು ಮತ್ತೆ ಎಳೆದ. ಆದರೆ ಪೂರ್ತಿ ಮುಚ್ಚಲಿಲ್ಲ, ಸಂದಿಯಲ್ಲಿ ಒಂದು ಕಟ್ಟಿಗೆ ಚೂರು ಸಿಕ್ಕಿಸಿ ಹೋದ. ಆ ಸಂದಿಯಿಂದ ಬಂದ ಗಾಳಿಯನ್ನೇ ತಾಯಿ ಮಗಳು ಸಂಜೆಯವರೆಗೆ ಉಸಿರಾಡಿದರು.

ಹೊರಗೆ ಬಂದಾಗ ಬಸಣ್ಣ ಹೊಸ್ತಿಲ ಮೇಲೆ ಸತ್ತು ಬಿದ್ದಿದ್ದ.

ಭೀಮಶಾ ಅಂದು ಸಪ್ಪಳ ಕೇಳಿ ಓಡಿ ಬಂದವನು ಊರ ಹೊರಗಿನ ಸಜ್ಜೆಯ ಹೊಲದಲ್ಲಿ ಅಡಗಿ ಕುಳಿತಿದ್ದ. ಅವನ ಎತ್ತುಗಳನ್ನು ಅವನ ಕಣ್ಣ ಮುಂದೆಯೇ ಹೊಡೆದುಕೊಂಡು ಹೋದರು. ಮುಂದಿನ ಎತ್ತಿನ ಹಗ್ಗ ಹಿಡಿದವನು ಕೈ ಚಾಚಿದರೆ ಸಿಗುವಷ್ಟು ಹತ್ತಿರ ಹಾದುಹೋದ. ಬೆಕ್ಕಿನ ಕಣ್ಣಿನವನು. ಭೀಮಶಾ ಎದ್ದು ನಿಲ್ಲಲಿಲ್ಲ. ಎದ್ದಿದ್ದರೆ ಅವನೂ ಸಾಯುತ್ತಿದ್ದ ಎಂದು ಊರವರೆಲ್ಲ ಹೇಳಿದರು. ಅದು ಅವನ ಮನಸ್ಸಿಗೆ ಹತ್ತಲಿಲ್ಲ. ಆ ಕಣ್ಣು ಮತ್ತೊಮ್ಮೆ ಸಿಕ್ಕರೆ ಬಿಡುವುದಿಲ್ಲ ಎಂದು ಅವನು ಹೆಂಡತಿಯ ಮುಂದೆ ಎಷ್ಟು ಸಲ ಅಂದಿದ್ದನೋ ಲೆಕ್ಕವಿಲ್ಲ. ಹಾಗೆ ಅಂದಾಗಲೆಲ್ಲ ದ್ರೌಪದಿ ಒಲೆಯ ಕಡೆ ಮುಖ ತಿರುಗಿಸುತ್ತಿದ್ದಳು. ಹಗೇವಿನ ಕಲ್ಲನ್ನು ಯಾರೂ ಸರಿಸಿರಲಿಲ್ಲ ಎಂದೇ ಅವಳು ಮನೆಯವರಿಗೆ ಹೇಳಿದ್ದಳು. ಸತ್ತವನ ಮನೆಯಲ್ಲಿ ಕೊಂದವರ ಪೈಕಿ ಒಬ್ಬನ ಉಪಕಾರ ಹೇಳುವುದು ಹೇಗೆ? ಪರಗಂಡಸು, ಅದೂ ರಜಾಕಾರ, ತನ್ನನ್ನು ನೋಡಿ ಬಿಟ್ಟುಹೋದ ಎಂದರೆ ನಾಲ್ಕು ಬಾಯಿ ನಾಲ್ಕು ಥರ ಆಡುವುದಿಲ್ಲವೇ?

ಹೀಗೆ ಆರು ವರ್ಷ ಕಳೆದವು. ಅಕ್ಕಲಕೋಟೆಯಲ್ಲಿ ಶಾಂತಲಿಂಗಪ್ಪ ಎಂಬ ಮಾಸ್ತರರಿದ್ದರು. ಸಾಲೆಯಿಂದ ನಿವೃತ್ತರಾದವರು, ಗಡಿಯ ಶಿಬಿರದಲ್ಲಿ ರಜಾಕಾರರ ವಿರುದ್ಧ ದುಡಿದವರು. ನಿಜಾಮನ ಮೇಲೆ ಭಾರತದ ಫೌಜು ನಡೆದ ಭಾದ್ರಪದದ ಸುಮಾರಿಗೆ ಅವರು ಪ್ರತಿವರ್ಷ ಒಂದು ಮೋಟಾರು ಗೊತ್ತುಮಾಡಿ, ಬೇಕೆಂದವರನ್ನು ನಳದುರ್ಗದವರೆಗೆ ಕರೆದೊಯ್ದು ಕಾಳಗ ನಡೆದ ಜಾಗಗಳನ್ನು ತೋರಿಸಿ ಸಂಜೆಗೆ ಮನೆ ಮುಟ್ಟಿಸುತ್ತಿದ್ದರು. ಐವತ್ತನಾಲ್ಕರಲ್ಲಿ ಭೀಮಶಾ ತನ್ನದೂ ಹೆಂಡತಿಯದೂ ಹೆಸರು ಬರೆಸಿ ಬಂದ. ದ್ರೌಪದಿ ಒಲ್ಲೆನೆಂದಳು, ಮಗಳನ್ನು ಬಿಟ್ಟು ಬರಲಾರೆನೆಂದಳು. ಅವನು ಕೇಳಲಿಲ್ಲ.

“ನೋಡಬೇಕು,” ಅಂದ. “ಅವರು ಎಲ್ಲಿ ಮಣ್ಣು ಮುಕ್ಕಿದರು ಅಂತ ನಾ ಕಣ್ಣಾರೆ ನೋಡಬೇಕು. ನೀನೂ ನೋಡಬೇಕು.”

ಮೋಟಾರು ಸೊಲ್ಲಾಪುರ ದಾಟಿ ಹೈದರಾಬಾದಿನ ರಸ್ತೆ ಹಿಡಿದಾಗ ಬಿಸಿಲು ಏರುತ್ತಿತ್ತು. ಬೋರಾಮಣಿಯಲ್ಲಿ ಮಾಸ್ತರರು ಎಲ್ಲರನ್ನೂ ಇಳಿಸಿ, ಫೌಜಿನ ಟ್ಯಾಂಕುಗಳು ಸಾಲುಗಟ್ಟಿ ಬಂದ ರಸ್ತೆಯನ್ನು ಕೋಲಿನಿಂದ ತೋರಿಸಿದರು. ಹುಲ್ಲುಗಾವಲಿನ ತುಂಬ ಕುರಿಗಳು ಮೇಯುತ್ತಿದ್ದವು. ಕಂಬಳಿ ಹೊದ್ದ ಕುರುಬನೊಬ್ಬ ಈ ಜನ ಏನು ನೋಡುತ್ತಿದ್ದಾರೆಂದು ತಾನೂ ಆ ಕಡೆ ನೋಡುತ್ತ ನಿಂತಿದ್ದ. ಗಡಿಯ ನಾಕೆ ದಾಟಿ ಮೋಟಾರು ಮೊಗಲಾಯಿಯೊಳಗೆ ಹೊಕ್ಕಾಗ ದ್ರೌಪದಿ ಸೆರಗನ್ನು ಬಿಗಿಯಾಗಿ ಎಳೆದುಕೊಂಡಳು. ಅಂದಿನಿಂದ ಅವಳು ಊರ ಹಳ್ಳವನ್ನೇ ದಾಟಿರಲಿಲ್ಲ.

ಬೋರಿ ನದಿಯ ಸೇತುವೆಯ ಮೇಲೆ ಮಾಸ್ತರರ ದನಿ ಏರಿತು. ಹಿಂದೆ ಸರಿಯುತ್ತಿದ್ದ ನಿಜಾಮನ ಕಡೆಯವರು ಈ ಸೇತುವೆಯನ್ನು ಮದ್ದಿನ ಸುರುಂಗ ಇಟ್ಟು ಹಾರಿಸಬೇಕೆಂದಿದ್ದರು. ಅಷ್ಟರಲ್ಲೇ ಬೆಳಕು ಹರಿಯುವ ಹೊತ್ತಿಗೆ ಫೌಜು ಬಂದು ಬಿತ್ತು ಎಂದು ವಿವರಿಸಿದರು. ಅವರು ಅಡಗಿ ಗುಂಡು ಹಾರಿಸಿದ ದಂಡೆಯ ಮೇಲಿನ ಮೋರ್ಚಾ ತೋರಿಸಿದರು. ಅದು ಈಗ ಹುಲ್ಲು ಮುಚ್ಚಿದ ಒಂದು ತಗ್ಗು. ಭೀಮಶಾ ಆ ತಗ್ಗಿನೊಳಗೇ ಇಳಿದು ನಿಂತು, ಇಲ್ಲಿ ಎಷ್ಟು ಮಂದಿ ಸತ್ತರು ಎಂದು ಕೇಳಿದ. ಎಣಿಸಿದವರು ಯಾರಪ್ಪ ಅಂದರು ಮಾಸ್ತರರು. ಸತ್ತವರ ಮುಖ ನೋಡಿದವರು ಯಾರಾದರೂ ಇದ್ದಾರೆಯೇ ಎಂದು ಅವನು ಮತ್ತೆ ಕೇಳಿದ. ಆ ಪ್ರಶ್ನೆಯ ತಲೆಬುಡ ತಿಳಿಯದೆ ಮಾಸ್ತರರು ಮುಂದೆ ನಡೆದರು. ದ್ರೌಪದಿಗೆ ತಿಳಿಯಿತು.

ನಳದುರ್ಗದ ಕೋಟೆಯ ಒಳಗೆ ನದಿಗೆ ಅಡ್ಡಲಾಗಿ ಹಳೆಯ ಕಾಲದ ಕಲ್ಲಿನ ಕಟ್ಟೆ ಇದೆ. ಕಟ್ಟೆಯ ಹೊಟ್ಟೆಯಲ್ಲೇ ಒಂದು ಮಹಲು ಕೊರೆದಿದ್ದಾರೆ. ಮಳೆಗಾಲದಲ್ಲಿ ನೀರು ತುಂಬಿ ಕಟ್ಟೆಯ ಮೇಲಿಂದ ಧುಮುಕುವಾಗ ಆ ನೀರಮಹಲಿನ ಕಿಟಕಿಯಲ್ಲಿ ನಿಂತರೆ ಕಣ್ಣಿನ ಮುಂದೆಯೇ ನೀರಿನ ಪರದೆ. ಇಳಿಯುವ ಮೆಟ್ಟಿಲು ಕತ್ತಲು, ಪಾಚಿ ಕಟ್ಟಿದ್ದು. ಅದಕ್ಕೆಂದು ಮಾಸ್ತರರು ಸ್ಥಳೀಯನೊಬ್ಬನನ್ನು ಕೂಗಿ ಕರೆದರು. ಲಾಡ್ಲೇಸಾಬ ಎಂದು ಹೆಸರು; ಆಳಂದದ ಕಡೆಯವನಾದ್ದರಿಂದ ಕನ್ನಡ ಬಲ್ಲ, ದಾರಿ ಚೆನ್ನಾಗಿ ತೋರಿಸುತ್ತಾನೆ ಎಂದರು. ಹಚ್ಚಿದ ಕಂದೀಲು ಹಿಡಿದುಕೊಂಡು ಬಂದವನು ಮುಖದ ಮಟ್ಟಕ್ಕೆ ಅದನ್ನೆತ್ತಿ ಬತ್ತಿ ಏರಿಸಿದ.

ದ್ರೌಪದಿ ಆ ಕಣ್ಣು ನೋಡಿದಳು. ನೋಡಿ ತಟ್ಟನೆ ಗಂಡನ ಕಡೆ ತಿರುಗಿದಳು, ಅವನು ನೋಡದೆ ಇರಲಿ ಎಂಬಂತೆ. ಭೀಮಶಾ ಆಗಲೇ ನೋಡಿದ್ದ. ಅವನ ಮುಖದಲ್ಲಿ ಸಿಟ್ಟೇ ಕಾಣಲಿಲ್ಲ, ಅದೇ ಅವಳಿಗೆ ಹೆಚ್ಚು ಹೆದರಿಕೆ ತಂದಿತು.

“ಹೆಣ್ಣಮಕ್ಕಳ ಕೂಡ ನೀ ಮ್ಯಾಲ ಇರು,” ಅಂದ ತಗ್ಗಿದ ದನಿಯಲ್ಲಿ. “ಕೆಳಗ ಬರಬ್ಯಾಡ.”

ಅವಳು ಸುಮ್ಮನೆ ತಲೆಯಾಡಿಸಿದಳು. ಗುಂಪು ಇಳಿಯತೊಡಗಿದಾಗ ಕೊನೆಯವಳಾಗಿ ಗೋಡೆ ಹಿಡಿದು ತಾನೂ ಇಳಿದಳು. ಒಂದೊಂದು ಮೆಟ್ಟಿಲಿಗೂ ನೀರಿನ ಮೊರೆತ ಹೆಚ್ಚುತ್ತ ಬಂತು.

ಮಹಲು ಸಣ್ಣದು. ಕಿಟಕಿಯ ಕಟ್ಟೆ ಮೊಣಕಾಲೆತ್ತರ, ಆಚೆ ಬೆಳ್ಳಗೆ ನೀರು, ಕೆಳಗೆ ತಳ ಕಾಣದ ಕಂದರ. ಲಾಡ್ಲೇಸಾಬ ಕಿಟಕಿಯ ಪಕ್ಕದಲ್ಲೇ ನಿಂತು, ಹತ್ತಿರ ಬರಬೇಡಿ, ಕಲ್ಲು ಜಾರುತ್ತದೆ ಎಂದು ಎಲ್ಲರಿಗೂ ಎಚ್ಚರಿಸುತ್ತಿದ್ದ. ಜನ ನೋಡಿದರು, ಹನಿಗೆ ಮುಖವೊಡ್ಡಿ ನಕ್ಕರು, ಮೇಲೆ ಹೋಗತೊಡಗಿದರು. ನೀವು ನಡೆಯಿರಿ, ನಾನು ಬರುತ್ತೇನೆ ಎಂದು ಭೀಮಶಾ ಮಾಸ್ತರರಿಗೆ ಹೇಳುವುದು ಕೇಳಿಸಿತು. ಕೊನೆಯ ಮನುಷ್ಯ ಹತ್ತುವವರೆಗೆ ಕಂದೀಲಿನವನು ಕೆಳಗೇ ಇರಬೇಕು. ಅದು ಭೀಮಶಾನಿಗೂ ಗೊತ್ತಿತ್ತು. ದ್ರೌಪದಿ ಕಂಬದ ಮರೆಯಲ್ಲಿ ಉಳಿದಳು.

ಲಾಡ್ಲೇಸಾಬ ಬತ್ತಿ ಸರಿಮಾಡಲು ಕಿಟಕಿಯ ಕಡೆ ಬಗ್ಗಿದ. ಭೀಮಶಾ ಎರಡೇ ಹೆಜ್ಜೆಗೆ ಅವನ ಬೆನ್ನ ಹಿಂದೆ ಹೋಗಿ ಅಂಗಿಯ ಕೊರಳಿಗೆ ಕೈ ಹಾಕಿದ. ಕಂದೀಲು ಬಿದ್ದು ಆರಿತು. ನೀರಿನ ಬೂದು ಬೆಳಕಿನಲ್ಲಿ, ಲಾಡ್ಲೇಸಾಬನ ಎದೆ ಕಿಟಕಿಯ ಆಚೆ ಬಾಗಿದ್ದೂ ಅವನ ಒಂದು ಕೈ ಕಲ್ಲಿನ ಚೌಕಟ್ಟನ್ನು ಹಿಡಿದದ್ದೂ ಅವಳಿಗೆ ಕಂಡಿತು. ಅವನು ಕೂಗಲೂ ಇಲ್ಲ.

“ಬಿಡ್ರಿ,” ಎಂದು ದ್ರೌಪದಿ ಮೊರೆತದ ಮೇಲೆ ಅರಚಿದಳು. “ಸಾವಿತ್ರಿ ಜೀವ ಉಳಿಸಿದಂವ ಅಂವ. ಬಿಡ್ರಿ.”

ಭೀಮಶಾ ಕೈ ಬಿಡಲಿಲ್ಲ. ಆದರೆ ನೂಕಲೂ ಇಲ್ಲ. ಅವಳು ಓಡಿ ಬಂದು ಅವನ ತೋಳು ಹಿಡಿದಳು. ಹಗೇವಿನ ಕಲ್ಲು ಸರಿದದ್ದು, ಇವನು ಬಗ್ಗಿ ನೋಡಿದ್ದು, ಯಾರೂ ಇಲ್ಲವೆಂದು ಕೂಗಿದ್ದು, ಎಲ್ಲವನ್ನೂ ತಡವರಿಸುತ್ತ ಹೇಳಿದಳು.

“ಆರು ವರ್ಷ ಸುಮ್ಮನಿದ್ದಿ?” ಅಂದ ಭೀಮಶಾ.

“ಹ್ಯಾಂಗ ಹೇಳಲಿ? ಮನಿಯಾಗ ಬಸಣ್ಣನ ಹೆಣ ಇತ್ತು.”

ಲಾಡ್ಲೇಸಾಬ ಕುತ್ತಿಗೆ ತಿರುಗಿಸಿ ಅವಳ ಮುಖವನ್ನು ನೋಡಿದ.

“ಸಂದ್ಯಾಗ ಕಟಗಿ ಇಟ್ಟಿದ್ದೆ,” ಅಂದ. “ಕೂಸು ಉಳೀತೇನ್ರಿ ಅಕ್ಕಾ?”

“ಉಳದಾಳ. ಸಾಲಿಗೆ ಹೋಗ್ತಾಳ.”

ಭೀಮಶಾ ಲಾಡ್ಲೇಸಾಬನನ್ನು ಒಳಕ್ಕೆ ಎಳೆದು ಗೋಡೆಗೆ ಒತ್ತಿ ಹಿಡಿದ. ತಮ್ಮನಿಗೆ ಗುಂಡು ಹಾಕಿದವರು ಯಾರು ಎಂದು ಕೇಳಿದ.

“ನಾ ಹಿತ್ತಲ ಕಡಿ ಇದ್ದೆ,” ಅಂದ ಲಾಡ್ಲೇಸಾಬ. “ನನ್ನ ಬಂದೂಕು ಹಾರಿಲ್ಲ. ನಂಬ್ರಿ ಅಂತ ನಾ ಹೇಳೂದಿಲ್ಲ. ನಿಮ್ಮ ಎತ್ತು ಹೊಡಕೊಂಡು ಹೋದಂವ ನಾನ, ಅದು ಖರೆ. ಫೌಜು ಬಂದು ಹೋದ ಮ್ಯಾಲ ನನ್ನ ಮನಿಗೂ ಸೇಡಿಗಂತ ಮಂದಿ ಬಂದರು. ಬಂದೂಕು ಮುಟ್ಟದ ನನ್ನ ಅಣ್ಣದೇರು ಹೋದರು, ನಾ ಉಳದೆ.”

ಮೇಲಿನಿಂದ ಮಾಸ್ತರರು ಕೂಗಿದರು. ಉತ್ತರ ಬಾರದಿದ್ದಾಗ ಬ್ಯಾಟರಿ ಹಚ್ಚಿಕೊಂಡು ಇಳಿದೇ ಬಂದರು. ಬೆಳಕು ಮೂವರ ಮುಖದ ಮೇಲೂ ಬಿತ್ತು. ಅಷ್ಟರಲ್ಲಿ ಭೀಮಶಾನ ಕೈ ಕೆಳಗಿಳಿದಿತ್ತು. ಕಾಲು ಜಾರಿ ಕಂದೀಲು ಬಿತ್ತು, ಅಷ್ಟೇ ಎಂದು ಅವನು ಹೇಳಿದ.

ದ್ರೌಪದಿಗೆ ಆಗ ಉಸಿರು ಬಂತಾದರೂ ದಿನ ಮುಗಿದಿರಲಿಲ್ಲ. ಮೇಲೆ, ಕೋಟೆಯ ಬೇವಿನ ನೆರಳಲ್ಲಿ ಎಲ್ಲರೂ ಬುತ್ತಿ ಬಿಚ್ಚಿ ಕುಳಿತರು. ರಜಾಕಾರರು ಗಡಿಯ ಹಳ್ಳಿಗಳಲ್ಲಿ ನಡೆಸಿದ ಅನ್ಯಾಯವನ್ನು ಮಾಸ್ತರರು ಊರೂರಿನ ಹೆಸರು ಹಿಡಿದು ಹೇಳತೊಡಗಿದರು. ಕೇಳುವವರ ಮುಖ ಬಿಗಿಯಿತು. ಗಂಡಸರಲ್ಲಿ ಒಬ್ಬಿಬ್ಬರು ಹಲ್ಲು ಕಡಿದರು. ಹತ್ತು ಮಾರು ದೂರದಲ್ಲಿ ಲಾಡ್ಲೇಸಾಬ ಕುಕ್ಕರುಗಾಲಲ್ಲಿ ಕುಳಿತು ಒಡೆದ ಕಂದೀಲಿನ ಗಾಜು ಆರಿಸುತ್ತಿದ್ದ. ಎದ್ದು ಹೋಗಿದ್ದರೆ ಸಂಶಯ ಬರುತ್ತಿತ್ತು. ಮಾಸ್ತರರು ಮಾತು ನಿಲ್ಲಿಸಿ ಭೀಮಶಾನ ಹೆಗಲ ಮೇಲೆ ಕೈ ಇಟ್ಟರು. ಸ್ವಂತ ತಮ್ಮನನ್ನು ಕಳೆದುಕೊಂಡವನು ನಮ್ಮ ಜೊತೆಯಲ್ಲೇ ಇದ್ದಾನೆ, ಕಂಡದ್ದನ್ನು ಅವನ ಬಾಯಿಂದಲೇ ಕೇಳಿ ಎಂದರು.

ಮೋಟಾರಿನ ತುಂಬ ಬಂದ ಮಂದಿ ಭೀಮಶಾನ ಕಡೆ ತಿರುಗಿದರು. ಒಂದು ಮಾತು ಸಾಕಾಗಿತ್ತು, ಬೆರಳು ಎತ್ತಿದ್ದರೂ ಸಾಕಾಗಿತ್ತು. ಗಾಜಿನ ಸಪ್ಪಳವೂ ನಿಂತಿತ್ತು.

ಭೀಮಶಾ ಕೈಯಲ್ಲಿದ್ದ ರೊಟ್ಟಿಯನ್ನು ಬುತ್ತಿಯ ಮೇಲಿಟ್ಟ.

“ಹೇಳೂದೇನದರಿ ಮಾಸ್ತರ್ರ,” ಅಂದ ಕೊನೆಗೆ. “ತಮ್ಮ ಹೋದ. ನಾ ದೂರ ಇದ್ದೆ.”

ಮಾಸ್ತರರು ಅವನ ದುಃಖಕ್ಕೆ ತಲೆಬಾಗಿ ಬೇರೆ ಊರಿನ ಕಥೆ ಎತ್ತಿಕೊಂಡರು.

ಹಿಂತಿರುಗುವಾಗ ಗಂಡ ಹೆಂಡತಿ ಒಂದೇ ಬೆಂಚಿನ ಎರಡು ತುದಿಗೆ ಕುಳಿತಿದ್ದರು. ಮನೆ ಮುಟ್ಟಿದ ಮೇಲೂ ಅವನು ಮಾತಾಡಲಿಲ್ಲ. ಹಾಸಿಗೆ ಸುತ್ತಿಕೊಂಡು ಹೊಲದ ಗುಡಿಸಲಿಗೆ ಹೋದ. ತುಟಿ ಬಿಚ್ಚಿದ ಮೇಲೆ ಮತ್ತೆ ಮುಚ್ಚಿಕೊಂಡಿರುವುದು ದ್ರೌಪದಿಗೂ ಆಗಲಿಲ್ಲ. ಮರುದಿನ ಅತ್ತೆಯ ಮುಂದೆ ಕುಳಿತು ಎಲ್ಲ ಹೇಳಿದಳು. ಬೈದರೆ ಬೈಯಲಿ, ತವರಿಗೆ ಅಟ್ಟಿದರೆ ಅಟ್ಟಲಿ ಎಂದು ಗಟ್ಟಿ ಮನಸ್ಸು ಮಾಡಿಕೊಂಡೇ ಕುಳಿತಿದ್ದಳು. ಪಾರ್ವತಿಬಾಯಿ ಬಸಣ್ಣನ ಹೆಸರು ಬಂದಾಗ ಒಮ್ಮೆ ಕಣ್ಣು ಮುಚ್ಚಿದಳು. ಕೇಳಿ ಮುಗಿದ ಮೇಲೆ ಮೊಮ್ಮಗಳನ್ನು ಎಳೆದು ತೊಡೆಯ ಮುಂದೆ ಕೂರಿಸಿಕೊಂಡು, ಹೆಣೆದಿದ್ದ ಜಡೆಯನ್ನೇ ಬಿಚ್ಚಿ ಮತ್ತೆ ಹೆಣೆಯತೊಡಗಿದಳು.

“ನಂಗರ ಹೇಳಬೇಕಿತ್ತು ನೀ,” ಅಂದಳು. “ಇಷ್ಟು ವರ್ಷ ಒಬ್ಬಾಕಿ ಹೊತ್ತಿ.”

ಮಗನನ್ನು ಗುಡಿಸಲಿನಿಂದ ಕರೆತಂದವಳೂ ಅವಳೇ. ಏನು ಹೇಳಿದಳೋ ದ್ರೌಪದಿಗೆ ತಿಳಿಯಲಿಲ್ಲ. ಭೀಮಶಾ ಬಂದು ಉಂಡ, ಮಗಳ ಪಾಟಿ ನೋಡಿದ, ಮಲಗಿದ. ಹೆಂಡತಿಯೊಡನೆ ಮಾತು ಮೊದಲು ಹೊಲದ ಕೆಲಸಕ್ಕೆ ಬಂತು, ಆಮೇಲೆ ನಿಧಾನವಾಗಿ ಉಳಿದುದಕ್ಕೂ ಬಂತು. ಬೆಕ್ಕಿನ ಕಣ್ಣಿನವನನ್ನು ಬಿಡುವುದಿಲ್ಲ ಎಂಬ ಮಾತನ್ನು ಅವನು ಮತ್ತೆ ಆಡಲಿಲ್ಲ. ಆದರೆ ಬಸಣ್ಣ ಸತ್ತ ದಿನ ಬಂದಾಗಲೆಲ್ಲ ಮೊದಲಿನಂತೆಯೇ ಅನ್ನ ಬಿಟ್ಟು ಕೂರುತ್ತಿದ್ದ.

ಐವತ್ತಾರರಲ್ಲಿ ಸೀಮೆಗಳು ಬದಲಾಗಿ ನಳದುರ್ಗವೂ ಮುಂಬೈ ರಾಜ್ಯಕ್ಕೆ ಸೇರಿತು. ಮರುವರ್ಷ ಭೀಮಶಾ ಆ ಕಡೆ ಎತ್ತು ನೋಡಲು ಹೋಗಿದ್ದವನು ಎತ್ತಿಲ್ಲದೆ ಮರಳಿ ಬಂದ. ಕಾಲು ತೊಳೆದುಕೊಳ್ಳುತ್ತ, ತಾನು ಕೋಟೆಗೂ ಹೋಗಿದ್ದೆ, ಅಲ್ಲಿ ಈಗ ಬೇರೆ ಯಾರೋ ಕಂದೀಲು ಹಿಡಿಯುತ್ತಾರೆ, ಲಾಡ್ಲೇಸಾಬ ಸೊಲ್ಲಾಪುರದ ಗಿರಣಿಗೆ ಕೆಲಸಕ್ಕೆ ಹೋದನಂತೆ ಎಂದು ತಾನಾಗಿಯೇ ಹೇಳಿದ.

ಹೆಂಡತಿ ಮಕ್ಕಳನ್ನೂ ಕರೆದೊಯ್ದಿದ್ದಾನೆಯೇ ಎಂದು ದ್ರೌಪದಿ ಕೇಳಿದಳು.

“ಅದನ್ನ ಕೇಳಲಿಲ್ಲ,” ಅಂದ ಭೀಮಶಾ. “ಸೊಲ್ಲಾಪುರಕ್ಕ ಹೋದಾಗ ಕೇಳ್ತೀನಿ,” ಎಂದು ಟವೆಲ್ಲಿಗೆ ಕೈ ಚಾಚಿದ.